ಬಿಳಿ ಅರಿವೆ ಕಟ್ಟಿದ ಹಂಚು

ಮುದ್ದೇಬಿಹಾಳದಲ್ಲಿ ನಮ್ಮ ಹಿತ್ತಿಲಿಗೆ ಹೊಂದಿಕೊಂಡ ಮನೆಯಾಕೆಯನ್ನು ನಾವೆಲ್ಲ ಅವರ ಮನೆಯ ಮಕ್ಕಳಂತೆ ಖಾಲಾ, ಅಂದರೆ ಚಿಕ್ಕಮ್ಮ, ಎಂದೇ ಕರೆಯುತ್ತಿದ್ದೆವು. ಸೊಲ್ಲಾಪುರದ ಸ್ಟೇಶನ್ನಿನ ಎದುರಿನ ಹೋಟೆಲಿನಲ್ಲಿ ತಾನು ಒಮ್ಮೆ ತಿಂದಿದ್ದ, ಖೀಮಾ ಎಂಬ ಕೊಚ್ಚಿದ ಮಾಂಸ ತುಂಬಿದ ಬನ್ನಿನಂಥ ಪಾವನ್ನು ಆಕೆ ಮನೆಯಲ್ಲೇ ಮಾಡುತ್ತಿದ್ದಳು. ನಿಂಬೆಹಣ್ಣಿಗಿಂತ ತುಸು ದೊಡ್ಡದಾದ ಆ ಪಾವುಗಳು ಮುಚ್ಚಳದ ಮೇಲೆ ಕೆಂಡ ಹರಡಿದ ಪಾತ್ರೆಯಲ್ಲಿ ಬೇಯುತ್ತಿದ್ದವು. ನಾವು ಇಣುಕಿದರೆ, “ತಡೀರಿ, ಅವಸರಕ್ಕ ಹಿಟ್ಟು ಉಬ್ಬಂಗಿಲ್ಲ” ಎನ್ನುತ್ತಿದ್ದಳು.

ನಮ್ಮದು ಮಾಂಸ ತಿನ್ನದ ಮನೆ. ನಮಗಾಗಿ ಆಕೆ ಕಡಲೆಬೇಳೆಯ ಪುಟ್ಟ ವಡೆ ತಟ್ಟಿ, ಮಾಂಸ ಸೋಕದ ಬೇರೆ ಹಂಚಿನ ಮೇಲೆ ಬೇಯಿಸಿ, ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಮೊಸರನ್ನು ದಪ್ಪಗೆ ಸವರಿ ಪಾವಿನೊಳಗೆ ಇಡುತ್ತಿದ್ದಳು. ಗುರುತಿಗೆಂದು ಆ ಹಂಚಿನ ಹಿಡಿಗೆ ಬಿಳಿ ಅರಿವೆಯ ಚೂರು ಕಟ್ಟಿದ್ದಳು. ಆದರೂ ನಮ್ಮಜ್ಜಿ ಮುಟ್ಟುತ್ತಿರಲಿಲ್ಲ. “ಯಾವ ಹಂಚೋ ಏನೋ, ನೋಡಿದವರ್ಯಾರು?” ಎಂದು ಮುಖ ತಿರುವುತ್ತಿದ್ದಳು.

ಒಂದು ಸಂಜೆ ನಾವು ತಾಟು ಹಿಡಿದು ಕೂತಿದ್ದಾಗ ಖಾಲಾ ಬರಿಗೈಯಲ್ಲಿ ಬಂದಳು.

“ಇವತ್ತ ಹುಡುಗರಿಗೆ ಕೊಡೂದಿಲ್ಲ ತಂಗಿ,” ಎಂದು ಅವ್ವನಿಗೆ ಹೇಳಿದಳು. “ನಮ್ಮ ಸೊಸಿ ನಿಮ್ಮ ವಡಿ ನಮ್ಮ ಹಂಚಿನ ಮ್ಯಾಲ ಹಾಕ್ಯಾಳ. ನಾಳೆ ಮತ್ತ ರುಬ್ಬತೇನಿ.”

ತಮ್ಮ ಅಳತೊಡಗಿದ. ಖಾಲಾ ಅವನ ತಲೆ ಸವರಿ, “ಅವಸರಕ್ಕ ಹಿಟ್ಟು ಉಬ್ಬಂಗಿಲ್ಲಪಾ” ಎಂದು ಹೊರಟುಹೋದಳು. ಒಳಗಿದ್ದ ಅಜ್ಜಿ ಎಲ್ಲವನ್ನೂ ಕೇಳಿಸಿಕೊಂಡಿದ್ದಳು.

ಮರುದಿನ ಪಾವು ಬಂದಾಗ ಅಜ್ಜಿಯೂ ತಾಟು ಹಿಡಿದು ನಮ್ಮ ಸಾಲಿನಲ್ಲಿ ಕೂತಳು. ಖಾಲಾ ಒಂದು ಪಾವು ಬಡಿಸಿದಳು. ಅಜ್ಜಿ ಅದನ್ನು ಬಿಡಿಸಿ ನೋಡಿದಳು.

“ನನಗ ಹಲ್ಲಿಲ್ಲವ್ವಾ. ಇನ್ನಷ್ಟು ಮೊಸರು ಹಚ್ಚು.”