ಗೋಂದಕ್ಕನ ಸಚಿತ್ರ ಕಾದಂಬರಿಗಳು

ಅಚ್ಚುಮನೆಯಲ್ಲಿ ಅವಳಿಗೂ ಒಂದು ಹೆಸರಿತ್ತು, ಆದರೆ ಸಂಬಳದ ದಿನ ಬಿಟ್ಟರೆ ಯಾರೂ ಅದನ್ನು ಬಳಸುತ್ತಿರಲಿಲ್ಲ. ಎಲ್ಲರಿಗೂ ಅವಳು ಗೋಂದಕ್ಕ. ಬೆಳಗಿನಿಂದ ಸಂಜೆಯವರೆಗೆ ಅವಳ ಮುಂದೆ ಗೋಂದಿನ ಬಟ್ಟಲು, ಬಲಗೈಯಲ್ಲಿ ಚಪ್ಪಟೆ ಬ್ರಷ್ಷು, ಎಡಗಡೆ ಬಣ್ಣದ ಚಿತ್ರಗಳ ರಾಶಿ. ಆ ಅಚ್ಚುಮನೆ ಅಮೆರಿಕದ ಹಳೆಯ ದೊಡ್ಡ ಕಾದಂಬರಿಗಳನ್ನು ಅನುವಾದ ಮಾಡಿಸಿ, ಚಿತ್ರ ಬರೆಸಿ, ದಪ್ಪ ರಟ್ಟಿನ ಸಚಿತ್ರ ಆವೃತ್ತಿಗಳಾಗಿ ತರುತ್ತಿತ್ತು. ಕಥೆಯ ಪುಟಗಳು ಒಂದು ಯಂತ್ರದಲ್ಲಿ, ಚಿತ್ರಗಳು ನುಣುಪು ಕಾಗದದ ಮೇಲೆ ಬೇರೆ ಯಂತ್ರದಲ್ಲಿ. ಚಿತ್ರದ ಒಂದು ಅಂಚಿಗೆ ನೂಲಿನಷ್ಟು ಗೋಂದು ಸವರಿ, ಪುಟದ ಪಕ್ಕ ಕೂರಿಸಿ, ಮೇಲೊಂದು ತೆಳ್ಳನೆಯ ಕಾಗದ ಹೊದಿಸುವುದು ಅವಳ ಕೆಲಸ.

ಕೂರಿಸುವುದೇನೋ ಯಾರು ಬೇಕಾದರೂ ಕೂರಿಸಿಯಾರು. ಗೋಂದಕ್ಕನ ತಕರಾರು ಇದ್ದದ್ದು ಎಲ್ಲಿ ಕೂರಿಸಬೇಕು ಎಂಬುದರಲ್ಲಿ. ಮ್ಯಾನೇಜರಿಗೆ ಪುಸ್ತಕದ ಹೊಲಿಗೆಗೆ ಅನುಕೂಲವಾದ ಜಾಗದಲ್ಲಿ ಚಿತ್ರ ಬಿದ್ದರೆ ಸಾಕು. ಹಾಗೆ ಮಾಡಿದರೆ ಹಡಗಿನ ಕಪ್ತಾನ ಈ ಪುಟದಲ್ಲಿ ಗಡದ್ದಾಗಿ ಊಟ ಹೊಡೆಯುತ್ತಿರುವಾಗಲೇ ಪಕ್ಕದ ಚಿತ್ರದಲ್ಲಿ ಅವನ ಹೆಣ ತೇಲುತ್ತಿರುತ್ತಿತ್ತು.

"ಸಾಯೋನನ್ನ ಹತ್ತು ಪುಟ ಮುಂಚೆನೇ ಸಾಯಿಸಿಬಿಟ್ರೆ, ಓದೋರು ಆ ಹತ್ತು ಪುಟ ಹೆಣ ಕಾಯ್ಬೇಕಾ ಸಾರ್?" ಎಂದು ಅವಳು ಜಗಳಕ್ಕೆ ನಿಲ್ಲುತ್ತಿದ್ದಳು. ಅದಕ್ಕೆಂದೇ ಪ್ರತಿ ಕಾದಂಬರಿಯನ್ನೂ ಮೊದಲು ತಾನು ಓದಿ, ಒಂದೊಂದು ಚಿತ್ರಕ್ಕೂ ಜಾಗ ಗೊತ್ತು ಮಾಡುತ್ತಿದ್ದಳು. ಮ್ಯಾನೇಜರು ತಲೆ ಚಚ್ಚಿಕೊಂಡು ಒಪ್ಪುತ್ತಿದ್ದ. ಗೋಂದಕ್ಕ ಮುನಿಸಿಕೊಂಡರೆ ಬಟ್ಟಲಲ್ಲಿ ಗೋಂದು ಒಣಗುತ್ತದೆ, ಕೆಲಸ ನಿಲ್ಲುತ್ತದೆ ಎಂದು ಅವನಿಗೆ ಗೊತ್ತಿತ್ತು.

ಮನೆಯಲ್ಲಿ ಅವಳಿಗೆ ಒಬ್ಬನೇ ತಮ್ಮ. ತಾಯಿ ತೀರಿಕೊಂಡಾಗ ಅವನಿನ್ನೂ ಗೋಡೆ ಹಿಡಿದು ನಡೆಯುತ್ತಿದ್ದ; ತುತ್ತು ಮಾಡಿ ತಿನ್ನಿಸಿ ಬೆಳೆಸಿದ್ದು ಇವಳೇ. ಮದುವೆಯ ಮಾತು ಬಂದಾಗಲೆಲ್ಲ "ಇವನೊಂದು ದಡ ಸೇರಲಿ" ಎಂದು ಮುಂದೂಡಿದಳು. ಮುಂದೂಡಿ ಮುಂದೂಡಿ ಕಡೆಗೆ ಆ ಮಾತು ಬರುವುದೇ ನಿಂತಿತು. ಅಚ್ಚುಮನೆಯವರು ಬಣ್ಣ ಕೊಂಚ ಸರಿದ ಚಿತ್ರಗಳನ್ನು ಎಸೆಯುತ್ತಿದ್ದರು. ಗೋಂದಕ್ಕ ಅವನ್ನು ಬಾಚಿಕೊಂಡು, ಅಚ್ಚಾಗಿ ಮಿಕ್ಕ ಕಥೆಯ ಹಾಳೆಗಳ ಜೊತೆ ಸೇರಿಸಿ, ಪ್ರತಿ ಕಾದಂಬರಿಯದೂ ಒಂದೊಂದು ಪ್ರತಿ ತನಗೆಂದು ಕಟ್ಟಿಕೊಂಡಳು. ತಮ್ಮನನ್ನು ತೊಡೆಯ ಮೇಲೆ ಕೂರಿಸಿಕೊಂಡು ಅವನ್ನೇ ಓದಿ ಹೇಳುತ್ತಿದ್ದಳು. ಅವಳಿಗಿದ್ದ ಆಸ್ತಿ ಅಂದರೆ ಆ ಪುಸ್ತಕಗಳು ಮತ್ತು ಆ ತಮ್ಮ.

ತಮ್ಮ ದೊಡ್ಡವನಾಗಿ, ಮದುವೆಯಾಗಿ ಬೇರೆ ಮನೆ ಮಾಡಿ, ಪೇಟೆಬೀದಿಯಲ್ಲಿ ಫೋಟೋಗಳಿಗೆ ಕಟ್ಟು ಹಾಕುವ ಅಂಗಡಿ ಇಟ್ಟ. ಮಾತಿನಲ್ಲೇ ಮನೆ ಕಟ್ಟುವ ಆಸಾಮಿ, ವ್ಯಾಪಾರ ಕುದುರಿತು. ಅಚ್ಚುಮನೆ ಮುಚ್ಚಿಹೋಗಿ ಗೋಂದಕ್ಕ ಸಣ್ಣದೊಂದು ಬಾಡಿಗೆ ಕೋಣೆಗೆ ಬಂದ ಮೇಲೆ ಅಲ್ಲಿಯ ಗೋಡೆಯಲ್ಲಿ ತೇವ ಏರತೊಡಗಿತು. ಒಂದು ದಿನ ತಮ್ಮ ಬಂದು ಗೋಡೆ ಮುಟ್ಟಿ ನೋಡಿದ.

"ಅಕ್ಕಾ, ಇಲ್ಲಿದ್ರೆ ಪುಸ್ತಕಕ್ಕೆಲ್ಲ ಬೂಷ್ಟು ಹಿಡಿಯುತ್ತೆ. ನನ್ನ ಅಂಗಡಿ ಒಳಗಡೆ ಗಾಜಿನ ಬೀರು ಇದೆಯಲ್ಲ, ಅದರಲ್ಲಿಡ್ತೀನಿ. ಬೇಕಾದಾಗ ಬಂದು ಓದು."

ತನ್ನ ಪುಸ್ತಕಗಳ ಚಿಂತೆ ಇನ್ನೊಬ್ಬರಿಗೂ ಇದೆಯಲ್ಲ ಎಂದು ಅವಳ ಕಣ್ಣು ತುಂಬಿತು. ಅವನು ಮತ್ತೂ ಒಂದು ಮಾತು ಕೇಳಿದ: "ಒಂದೆರಡು ಚಿತ್ರ ಸುಕ್ಕಾಗಿದೆ. ಬಿಡಿಸಿ ಮತ್ತೆ ಅಂಟಿಸಬೇಕು ಅಂದ್ರೆ ಹೇಗೆ?" ಗೋಂದಕ್ಕ ಮಧ್ಯಾಹ್ನವೆಲ್ಲ ಕೂತು ಹೇಳಿಕೊಟ್ಟಳು. ಒದ್ದೆ ದಾರವನ್ನು ಅಂಚಿನುದ್ದಕ್ಕೂ ಇಟ್ಟು, ಗೋಂದು ತಾನಾಗಿ ಮೆತ್ತಗಾಗುವವರೆಗೆ ಕಾಯಬೇಕು, ಚಾಕು ಮುಟ್ಟಿಸಬಾರದು, ಆತುರಪಟ್ಟರೆ ಹರಿಯುತ್ತದೆ. ಅಕ್ಷರ ತಿದ್ದಿಸುವ ಹಾಗೆ ಅವನ ಕೈ ಹಿಡಿದು ಮಾಡಿಸಿದಳು. ಬೆಣ್ಣೆಯೊಳಗಿನ ಕೂದಲು ತೆಗೆದ ಹಾಗೆ ಚಿತ್ರ ಎದ್ದು ಬಂತು. ಪುಸ್ತಕಗಳು ಸಂಜೆಗೇ ಅಂಗಡಿಗೆ ಹೋದವು.

ಚಳಿಗಾಲದಲ್ಲಿ ದವಡೆ ಹಲ್ಲು ನೋವೆಂದು ಅವಳು ಹಲ್ಲಿನ ಡಾಕ್ಟರ ಹತ್ತಿರ ಹೋದಳು. ಕಾಯುವ ಕೋಣೆಯ ಬೆಂಚಿನ ಮೇಲೆ ಕೆನ್ನೆ ಹಿಡಿದು ಕೂತು ಎದುರಿನ ಗೋಡೆ ನೋಡಿದರೆ, ಅವಳ ಕಾದಂಬರಿಯೊಂದರಲ್ಲಿ ಜೋಳದ ಹೊಲದ ನಡುವೆ ಲಾಟೀನು ಹಿಡಿದು ಗಂಡನ ದಾರಿ ಕಾಯುವವಳು ಚಿನ್ನದ ಬಣ್ಣದ ಕಟ್ಟಿನೊಳಗೆ ನಿಂತಿದ್ದಳು. ಅಚ್ಚಾಗುವಾಗ ಕೆಂಪು ಸರಿದು, ಲಾಟೀನಿನ ಬೆಳಕು ಕೆನ್ನೆಯ ಬದಲು ಕಿವಿಯ ಮೇಲೆ ಬಿದ್ದಿತ್ತು. ಹಾಗೆ ಕೆಟ್ಟ ಹಾಳೆಯನ್ನು ಎತ್ತಿಟ್ಟುಕೊಂಡವಳು ಲೋಕದಲ್ಲಿ ಇವಳೊಬ್ಬಳೇ. ಪಕ್ಕದಲ್ಲಿ ಮುಳುಗುವ ಹಡಗು. ಅದರಾಚೆ ಹಿಮದಲ್ಲಿ ಕುದುರೆ ಕಳೆದುಕೊಂಡ ಪಾದ್ರಿ. ಮೂರು ಕಟ್ಟುಗಳ ಮೂಲೆಯಲ್ಲೂ ತಮ್ಮನ ಅಂಗಡಿಯ ಚೀಟಿ.

ಹಲ್ಲಿನ ನೋವು ಎಲ್ಲಿ ಹೋಯಿತೋ. ಇವಳು ನೋಡುತ್ತಿರುವುದನ್ನು ಕಂಡು ನರ್ಸು, "ಚೆನ್ನಾಗಿವೆ ಅಲ್ವಾ? ಇನ್ನೂ ಬೇಕಾದಷ್ಟಿದ್ವಂತೆ, ಯಾವುದೋ ಹೋಟೆಲಿನೋರು ಎಲ್ಲಾ ತಗೊಂಡ್ರಂತೆ" ಎಂದಳು. ಗೋಂದಕ್ಕ ಹಲ್ಲು ತೋರಿಸದೆ ಎದ್ದು ಬಂದಳು.

ನೇರ ಅಂಗಡಿಗೆ ನುಗ್ಗಿ ಬಾಯಿ ಮಾಡಬಹುದಿತ್ತು. ಆದರೆ ಎತ್ತಿ ಆಡಿಸಿದ ಕೈ ಅಷ್ಟು ಬೇಗ ಏಳುವುದಿಲ್ಲ ನೋಡಿ. ದಾರಿಯುದ್ದಕ್ಕೂ ಅವಳೇ ಅವನ ಪರ ವಕಾಲತ್ತು ಮಾಡಿದಳು: ಏನೋ ಕಷ್ಟ ಬಂದಿರಬೇಕು, ಹೆಂಡತಿಗೆ ಕಾಯಿಲೆಯಿರಬೇಕು, ಹೇಳಲು ನಾಚಿಕೆಯಾಗಿರಬೇಕು. ಅವನಾಗಿಯೇ ಬಾಯಿ ಬಿಟ್ಟರೆ ಒಂದು ಮಾತೂ ಆಡುವುದಿಲ್ಲ ಎಂದುಕೊಂಡು ಅಂಗಡಿಯ ಮೆಟ್ಟಿಲು ಹತ್ತಿದಳು.

"ಪುಸ್ತಕ ಹೇಗಿವೆಯೋ?"

"ರಾಣಿಯರ ಹಾಗಿವೆ ಅಕ್ಕಾ. ವಾರಕ್ಕೊಂದ್ಸಲ ನಾನೇ ಧೂಳು ಒರೆಸ್ತೀನಿ, ಬೇರೆಯವರ ಕೈಗೆ ಕೊಡಲ್ಲ."

ಹೇಳುವಾಗ ಅವನ ಕಣ್ಣು ಒಂದಿಷ್ಟೂ ಅಳುಕಲಿಲ್ಲ. ಬೀರು ತೆಗೆ ಎಂದಳು. ಬೀಗದ ಕೈ ಮನೆಯಲ್ಲಿದೆ ಎಂದ. ಬೀಗದ ಕೈ ಬೀರುವಿನಲ್ಲೇ ನೇತಾಡುತ್ತಿತ್ತು. ಅವಳೇ ತಿರುಗಿಸಿದಳು.

ಪುಸ್ತಕಗಳು ಸಾಲಾಗಿ, ಬೆನ್ನ ಮೇಲಿನ ಹೊಂಬಣ್ಣದ ಅಕ್ಷರ ತೋರಿಸುತ್ತ ನಿಂತಿದ್ದವು. ಒಂದನ್ನು ತೆಗೆದು ಬಿಚ್ಚಿದಳು. ತೆಳ್ಳನೆಯ ಕಾಗದ ಇದ್ದಲ್ಲೇ ಇತ್ತು. ಎತ್ತಿದರೆ ಕೆಳಗೆ ಖಾಲಿ ಹಾಳೆ. ಚಿತ್ರದಷ್ಟೇ ಅಗಲ, ಚಿತ್ರದಷ್ಟೇ ದಪ್ಪ, ಅಂಚಿಗೆ ನೂಲಿನಷ್ಟೇ ಗೋಂದು. ಇನ್ನೊಂದು ಪುಸ್ತಕ ತೆಗೆದಳು, ಅದೂ ಹಾಗೆಯೇ. ಪುಸ್ತಕ ಸೊರಗಿದ್ದು ಅಕ್ಕನ ಕಣ್ಣಿಗೆ ಬೀಳಬಾರದೆಂದು ಪ್ರತಿ ಚಿತ್ರದ ಜಾಗದಲ್ಲೂ ಅವನು ಬಿಳಿ ಹಾಳೆ ಕೂರಿಸಿದ್ದ. ಒಂದು ಪುಟವೂ ಹರಿದಿರಲಿಲ್ಲ. ದುಡುಕಿ ಕಿತ್ತಿದ್ದರೆ, ಪಾಪ, ಕಷ್ಟಕ್ಕೆ ಕಿತ್ತ ಅಂದುಕೊಳ್ಳುತ್ತಿದ್ದಳು. ಒದ್ದೆ ದಾರವಿಟ್ಟು ಅಷ್ಟಷ್ಟು ಹೊತ್ತು ಕಾದು ಕೂತಿದ್ದಾಗ ಒಮ್ಮೆಯಾದರೂ ಅಕ್ಕ ನೆನಪಾಗಲಿಲ್ಲವೇ? ಬೇಲಿಯೇ ಎದ್ದು ಹೊಲ ಮೇಯ್ದಿತ್ತು, ಮೇಯುವುದು ಹೇಗೆಂದು ಇವಳೇ ಕಲಿಸಿದ್ದಳು.

"ನೀನು ಹೇಳಿಕೊಟ್ಟ ಹಾಗೇ ಮಾಡಿದೀನಿ ಅಕ್ಕಾ, ಒಂದು ಅಕ್ಷರಕ್ಕೂ ಏಟಾಗಿಲ್ಲ. ಕಥೆ ಪೂರ್ತಿ ಇದೆ" ಎಂದ ತಮ್ಮ. "ಚಿತ್ರಗಳು ಸುಮ್ನೆ ಮುಚ್ಚಿಕೊಂಡು ಬಿದ್ದಿದ್ವು. ಈಗ ನಾಲ್ಕು ಜನ ನೋಡ್ತಾರೆ."

"ನಾನು ಹೋದ್ಮೇಲೆ ಇವೆಲ್ಲ ಯಾರಿಗೆ ಅಂದ್ಕೊಂಡಿದ್ದೆ? ನಿನಗೇ ತಾನೆ. ಕೇಳಿದ್ರೆ ಅವತ್ತೇ ಕೊಡ್ತಿದ್ದೆ."

"ನೀನೆಲ್ಲಿ ಕೊಡ್ತಿದ್ದೆ" ಎಂದ ಅವನು, ಸಿಟ್ಟಿನಿಂದಲ್ಲ, ಎಲ್ಲರಿಗೂ ಗೊತ್ತಿರುವ ಸಂಗತಿಯೊಂದನ್ನು ಹೇಳುವ ಹಾಗೆ.

ಚಿತ್ರ ಹೋದದ್ದನ್ನು, ಸುಳ್ಳು ಹೇಳಿದ್ದನ್ನು ಅವಳು ಹೇಗೋ ನುಂಗಿಕೊಳ್ಳುತ್ತಿದ್ದಳು. ಇದನ್ನು ನುಂಗಲಾಗಲಿಲ್ಲ. ಬಾಯಿಯ ತುತ್ತು, ಪ್ರಾಯ, ಮದುವೆ ಎಲ್ಲವನ್ನೂ ಅವನಿಗೇ ಕೊಟ್ಟು ಬರಿಗೈಯಾದವಳನ್ನು ಅವನು ಕೊಡಲಾರದವಳೆಂದು ತಿಳಿದಿದ್ದ. ಯಾವಾಗಿನಿಂದ ಹಾಗೆ ತಿಳಿದಿದ್ದನೋ, ಅವಳಿಗೆ ಕೇಳಲು ಧೈರ್ಯವಾಗಲಿಲ್ಲ. ಪುಸ್ತಕವನ್ನು ಬೀರುವಿನಲ್ಲಿಟ್ಟು ಬಾಗಿಲು ಹಾಕಿದಳು.

"ಕೂತ್ಕೋ ಅಕ್ಕಾ, ಟೀ ತರಿಸ್ತೀನಿ" ಎಂದ ತಮ್ಮ.

"ಬೇಡ. ನಿಮಗ್ಯಾಕೆ ಸುಮ್ನೆ ತೊಂದರೆ" ಎಂದು ಗೋಂದಕ್ಕ, ಗುರುತಿಲ್ಲದ ಅಂಗಡಿಯವನಿಗೆ ಹೇಳುವ ಹಾಗೆ ಹೇಳಿ, ಮೆಟ್ಟಿಲಿಳಿದಳು.