ಕೆಂದೆತ್ತಿನ ಹಗ್ಗ

ಎರಡು ಸಾವಿರದ ಇಸವಿಯ ಆಚೀಚಿನ ಮಾತು. ಸಿಂದಗಿ ಬಸ್ ಸ್ಟ್ಯಾಂಡಿನ ಹಿಂದೆ ನನ್ನದೊಂದು ಕಂಪ್ಯೂಟರ್ ಕಲಿಸುವ ಅಂಗಡಿ ಇತ್ತು. ಕರೆಂಟು ಇದ್ದಾಗ ಹುಡುಗರಿಗೆ ಟೈಪಿಂಗ್ ಕಲಿಸುತ್ತಿದ್ದೆ, ಬಿಡುವಾದಾಗ ನನ್ನದೇ ಒಂದು ಆಟ ಬರೆಯುತ್ತಿದ್ದೆ. ಕಾರಹುಣ್ಣಿಮೆಯ ಕರಿ ಹರಿಯುವ ಆಟ. ಊರ ಅಗಸಿಬಾಗಿಲಿಗೆ ಅಡ್ಡ ಕಟ್ಟಿದ ಬೇವಿನ ತೋರಣವೇ ಕರಿ. ಓಡಿಬಂದ ಬಿಳಿ ಎತ್ತು ಅದನ್ನು ಮೊದಲು ಹರಿದರೆ ಆ ವರ್ಷ ಬಿಳಿಜೋಳ ಚಲೋ, ಕೆಂದೆತ್ತು ಹರಿದರೆ ಕೆಂಪು ಬೆಳೆ ಚಲೋ ಎನ್ನುತ್ತಾರೆ ನಮ್ಮ ಕಡೆ. ಆಟದಲ್ಲಿ ಆಡುವವನದು ಬಿಳಿ ಎತ್ತು, ಎದುರಿನದು ಕೆಂದೆತ್ತು. ಬಿಳಿ ಎತ್ತಿನ ಮುಂಗಾಲು ನೆಲ ಮುಟ್ಟುವ ಹೊತ್ತಿಗೆ ಸರಿಯಾಗಿ ಗುಂಡಿ ಒತ್ತಬೇಕು. ತಪ್ಪಿದರೆ ಎತ್ತು ಹಿಂದೆ ಬೀಳುತ್ತದೆ.

ಅದನ್ನು ದಿನಾ ಆಡುತ್ತಿದ್ದವನು ನಮ್ಮಪ್ಪ. ಬಿಳಿ ಎತ್ತಿನ ಹಗ್ಗ ಹಿಡಿದು ಅಗಸಿತನಕ ಓಡುತ್ತಿದ್ದ ಮನುಷ್ಯ, ಲಕ್ವಾ ಹೊಡೆದು ಬಲಗೈ ಬಲಗಾಲು ಸ್ವಾಧೀನ ತಪ್ಪಿ ನನ್ನ ಅಂಗಡಿಯ ಕುರ್ಚಿಗೆ ಬಂದು ಕೂತಿದ್ದ. ಎಡಗೈಯ ಒಂದು ಬೆರಳು ಸಾವಕಾಶವಾಗಿ ಗುಂಡಿಗೆ ಬರುತ್ತಿತ್ತು. ನನ್ನ ಆಟವೂ ಅಷ್ಟೇ ಸಾವಕಾಶ. ಹೆಜ್ಜೆಗೊಮ್ಮೆ ಬಯಲು, ಜನ, ಅಗಸಿ ಎಲ್ಲವನ್ನೂ ಹೊಸದಾಗಿ ಬಿಡಿಸಲು ಹೋಗಿ ಕಂಪ್ಯೂಟರ್ ಏದುಸಿರು ಬಿಡುತ್ತಿತ್ತು. ಎತ್ತು ಕಾಲೆತ್ತಿಕೊಂಡು ಹಾಗೇ ನಿಲ್ಲುತ್ತಿತ್ತು. ಅಷ್ಟರಲ್ಲಿ ಅಪ್ಪನ ಬೆರಳು ತಲುಪುತ್ತಿತ್ತು. ಸಂಜೆ ಮನೆಗೆ ಹೋಗಿ ಅವ್ವನಿಗೆ, "ಇವತ್ತೂ ನಮ್ಮ ಎತ್ತ ಕರಿ ಹರೀತು," ಎನ್ನುತ್ತಿದ್ದ. ಆ ಹೊತ್ತು ಅವನ ಮುಖದಲ್ಲಿ ಲಕ್ವಾ ಇರುತ್ತಿರಲಿಲ್ಲ.

ಕಲಿಯಲು ಬರುತ್ತಿದ್ದ ಹುಡುಗರು ಮಾತ್ರ ಬಿಡಲಿಲ್ಲ.

"ಸರ್, ನಿಮ್ಮ ಎತ್ತ ಓಡತಾವೋ, ಮೆಲಕ ಹಾಕತಾವೋ?"

ನನಗೆ ಸಿಟ್ಟು ನೆತ್ತಿಗೇರಿತು. ಬೇಸಿಗೆ ಪೂರ್ತಿ ಕೂತು ತಿದ್ದಿದೆ. ಎತ್ತು ಅಲುಗಿದಷ್ಟೇ ಜಾಗವನ್ನು ಮತ್ತೆ ಬಿಡಿಸುವಂತೆ ಮಾಡಿದೆ. ಹಲಗಿ ಬಾರಿಸುವ ಸದ್ದು, ಏಳುವ ಧೂಳು, ಕೋಡಿಗೆ ಬಣ್ಣ ಎಲ್ಲ ಸೇರಿಸಿದೆ. ಎತ್ತುಗಳು ಹಾರಿದವು. ಹುಡುಗರು ಪಾಳಿ ಹಚ್ಚಿದರು, ನಾನು ಉಬ್ಬಿಹೋದೆ.

ಅಪ್ಪನನ್ನು ಕೂರಿಸಿದೆ. ಬೆರಳು ಗುಂಡಿಗೆ ಬರುವಷ್ಟರಲ್ಲಿ ಕೆಂದೆತ್ತು ಅಗಸಿ ದಾಟಿತ್ತು. ಮತ್ತೆ ಆಡಿದ, ಮತ್ತೆ ಅದೇ.

"ಚಲೋ ಮಾಡೀದಿ ತಮ್ಮಾ. ಎತ್ತ ಈಗ ಖರೇನ ಓಡಾಕತ್ತಾವ," ಎಂದ.

ಮರುದಿನ ಅವನು ಬರುವ ಮುಂಚೆಯೇ, ಅವನ ಬೆರಳು ಬರುವ ತನಕ ಕೆಂದೆತ್ತು ಕಾಯುವಂತೆ ತಿದ್ದಿಟ್ಟೆ. ಬಿಳಿ ಎತ್ತು ಕರಿ ಹರಿಯಿತು, ಹಲಗಿ ಬಡಿಯಿತು. ಅಪ್ಪ ನಗಲಿಲ್ಲ.

"ಕೆಂದೆತ್ತಿನ ಹಗ್ಗ ಜಗ್ಗಿ ಹಿಡದೀಯಲ್ಲ?"

ಕರಿಯ ದಿನ ಎದುರಿನವರ ಎತ್ತನ್ನು ಜಗ್ಗಿ ಹಿಡಿದವನನ್ನು ಊರು ವರ್ಷಗಟ್ಟಲೆ ಆಡಿಕೊಳ್ಳುತ್ತದೆ.

"ಹಂಗ ಗೆಲ್ಲೂದು ಬ್ಯಾಡ. ಬಿಡು, ಅದು ಓಡಲಿ."

"ಯಪ್ಪಾ, ಇದು ಬರೇ ಆಟ."

"ನನಗ ಆಟ ಅಲ್ಲಪಾ."

ಕೆಂದೆತ್ತಿನ ಹಗ್ಗ ಬಿಟ್ಟೆ. ಅಂದಿನಿಂದ ಅಪ್ಪ ಆ ಗುಂಡಿ ಮುಟ್ಟಲಿಲ್ಲ. ಸಂಜೆ ಅವ್ವ ಏನೂ ಕೇಳುತ್ತಿರಲಿಲ್ಲ, ಅವನೂ ಹೇಳುತ್ತಿರಲಿಲ್ಲ. ಅಂಗಡಿಗೆ ಬರುವುದನ್ನು ಮಾತ್ರ ತಪ್ಪಿಸಲಿಲ್ಲ. ಹುಡುಗರು ಆಡುವಾಗ ಹಿಂದೆ ಕೂತು ನೋಡುತ್ತಿದ್ದ. ತೊಡೆಯ ಮೇಲಿದ್ದ ಎಡಗೈ ಬೆರಳು ಎತ್ತಿನ ಜೊತೆಗೇ ಓಡಲು ಹೊರಡುತ್ತಿತ್ತು. ಕರಿ ಹರಿದು, ಹಲಗಿ ನಿಂತು, ಹುಡುಗರು ಎದ್ದುಹೋದ ಮೇಲೂ ಆ ಬೆರಳು ತೊಡೆಯನ್ನು ಒತ್ತುತ್ತಲೇ ಇರುತ್ತಿತ್ತು.