ಒಂದೇ ಮೊಳೆಯ ಕ್ಯಾಲೆಂಡರುಗಳು

ಕಾಮಾಕ್ಷಿಪಾಳ್ಯದ ನಮ್ಮ ಬೀದಿಯಲ್ಲಿ ಮನುಷ್ಯರ ಮಾತಿಗಿಂತ ಮಷೀನುಗಳ ಸದ್ದೇ ಹೆಚ್ಚಾಗಿದ್ದ ಕಾಲ ಅದು. ಬೆಳಿಗ್ಗೆ ಎಂಟಕ್ಕೆ ಲೇತುಗಳು ಶುರುವಾದರೆ ನಮ್ಮ ಅಡುಗೆಮನೆಯ ಸ್ಟ್ಯಾಂಡಿನಲ್ಲಿದ್ದ ತಟ್ಟೆಗಳು ಸಣ್ಣಗೆ ನಡುಗುತ್ತಿದ್ದವು. ಮಷೀನೆಣ್ಣೆಯ ವಾಸನೆ, ಕಾದ ಕಬ್ಬಿಣದ ವಾಸನೆ, ಅದರ ನಡುವೆಯೇ ಅಮ್ಮ ಹುರಿಯುವ ಸಾರಿನಪುಡಿಯ ಘಮ. ಅಪ್ಪ ಮೂರನೇ ಶೆಡ್ಡಿನಲ್ಲಿ ಗೇರ್ ಕಟಿಂಗ್ ಮಾಡುತ್ತಿದ್ದರು. ಅಷ್ಟು ಗದ್ದಲದಲ್ಲೂ ಅಪ್ಪನ ಮಷೀನು ಯಾವುದೆಂದು ಅಮ್ಮನ ಕಿವಿಗೆ ಗೊತ್ತಾಗುತ್ತಿತ್ತು. “ನಿಮ್ಮಪ್ಪಂದು ನಿಂತಿತು ಕಣೇ, ತಟ್ಟೆ ಹಾಕು” ಅನ್ನುತ್ತಿದ್ದಳು. ನಾನು ತಟ್ಟೆ ಹಾಕಿ ನೀರು ಇಡುವಷ್ಟರಲ್ಲಿ ಅಪ್ಪ ಬಾಗಿಲಲ್ಲಿ ಚಪ್ಪಲಿ ಬಿಡುತ್ತಿರುತ್ತಿದ್ದರು.

ಅಪ್ಪ ಓದಿದ್ದು ಏಳನೇ ಕ್ಲಾಸು. ದಿನವಿಡೀ ಗೇರಿನ ಹಲ್ಲು ಎಣಿಸಿ ಎಣಿಸಿ ಅವರ ತಲೆಯಲ್ಲೊಂದು ಸಿದ್ಧಾಂತ ಹುಟ್ಟಿಕೊಂಡಿತ್ತು. ಎರಡು ಗೇರು ಕೂಡಿಸಿ ತಿರುಗಿಸಿದರೆ, ಇದರ ಹಲ್ಲು ಅದರ ಯಾವ ಸಂದಿಯಲ್ಲಿ ಕೂತಿತ್ತೋ, ಇಷ್ಟು ಸುತ್ತಾದ ಮೇಲೆ ಮತ್ತೆ ಅದೇ ಸಂದಿಗೆ ಬಂದು ಕೂರಲೇಬೇಕು. ಕಾಲವೂ ಹಾಗೆಯೇ ಎನ್ನುತ್ತಿದ್ದರು. ವಾರವೆಂದರೆ ಏಳು ಹಲ್ಲಿನ ಚಿಕ್ಕ ಗೇರು, ವರ್ಷ ದೊಡ್ಡದು. ಆರು ವರ್ಷಕ್ಕೋ ಹನ್ನೊಂದು ವರ್ಷಕ್ಕೋ ತಾರೀಕು, ವಾರ ಎರಡೂ ಒಂದಿಷ್ಟೂ ತಪ್ಪದೆ ಮತ್ತೆ ಕೂಡುತ್ತವೆ.

“ತಾರೀಕು ಕೂಡಿದ್ಮೇಲೆ ನಡೆಯೋದೂ ಕೂಡ್ಲೇಬೇಕು ಮಗಳೇ. ಹಲ್ಲು ಸವೆಯೋದು ಸವೆದ ಜಾಗದಲ್ಲೇ.”

ಅದಕ್ಕೇ ನಮ್ಮ ಮನೆಯಲ್ಲಿ ಹಳೆಯ ಕ್ಯಾಲೆಂಡರನ್ನು ಯಾರೂ ಬಿಸಾಡುವಂತಿರಲಿಲ್ಲ. ಅವರ ಮದುವೆಯಾದ ವರ್ಷದಿಂದ ಎಲ್ಲವೂ ಒಂದೇ ಮೊಳೆಗೆ, ಒಂದರ ಮೇಲೊಂದು. ಸೀಮೆಎಣ್ಣೆ ಬಂದ ದಿನ, ಗ್ಯಾಸ್ ಮುಗಿದ ದಿನ, ನನಗೆ ಸೂಜಿ ಹಾಕಿಸಿದ ದಿನ, ಎಲ್ಲವನ್ನೂ ಅಮ್ಮ ಆಯಾ ತಾರೀಕಿನ ಚೌಕದಲ್ಲಿ ಗುರುತು ಮಾಡುತ್ತಿದ್ದಳು.

ನಾನು ನಾಲ್ಕನೇ ಕ್ಲಾಸು ಮುಗಿಸಿದ ವರ್ಷದ ಕ್ಯಾಲೆಂಡರೂ ತಳದಲ್ಲಿದ್ದ ಮದುವೆಯ ವರ್ಷದ ಕ್ಯಾಲೆಂಡರೂ ಕೂಡಿದವು. ಹನ್ನೊಂದು ವರ್ಷದ ಸುತ್ತು. ಅಪ್ಪನನ್ನು ಹಿಡಿಯುವವರೇ ಇರಲಿಲ್ಲ. ಸಂಜೆ ಕುಂಟೆಬಿಲ್ಲೆ ಬಿಟ್ಟು ಬಂದು, ಸ್ಟೂಲು ಹತ್ತಿ, ಕಟ್ಟು ಎತ್ತಿ ಹಿಡಿದು, ಹಳೆಯ ಚೌಕದಲ್ಲಿ ಏನಿದೆಯೆಂದು ಓದುವುದು ನನ್ನ ಕೆಲಸ. ಎರಡು ಸಲ ಸೀಮೆಎಣ್ಣೆ ಅದೇ ತಾರೀಕಿಗೆ ಬಂತು. ಅಪ್ಪ ನನ್ನನ್ನು ಎತ್ತಿಕೊಂಡು ಕುಣಿದರು.

“ಯುಗಾದಿನೇ ಎರಡು ದಿನ ಮುಂಚೆ ಬಂತಲ್ರೀ, ಇನ್ನೇನು ಕೂಡೋದು ನಿಮ್ಮ ತಲೆ!” ಎಂದಳು ಅಮ್ಮ, ಮಾವಿನಕಾಯಿ ಹೆಚ್ಚುತ್ತ.

“ಅದು ಚಂದ್ರನ ಗೇರು ಕಣೇ. ಅದರ ಹಲ್ಲೇ ಬೇರೆ. ಎಣಿಸ್ತಾ ಇದೀನಿ, ತಾಳು.”

ಮೂವರೂ ನಕ್ಕೆವು. ನಾವು ಮೂವರೂ ಒಟ್ಟಿಗೆ ಹಾಗೆ ನಕ್ಕದ್ದು ಅದೇ ಕೊನೆ ಎಂದು ಈಗ ಅನ್ನಿಸುತ್ತದೆ.

ಏಪ್ರಿಲಿನ ಒಂದು ಮಂಗಳವಾರ ಅಮ್ಮನಿಗೆ ಜ್ವರ ಬಂತು. ಕತ್ತು ನೋವು, ಬೆಳಕು ಕಂಡರೆ ಆಗದು. ಅಪ್ಪ ಮೆಡಿಕಲ್ ಶಾಪಿನಿಂದ ಮಾತ್ರೆ ತಂದರು. “ಆ ವರ್ಷದ್ದು ನೋಡು” ಎಂದರು. ನಾನು ಸ್ಟೂಲು ಹತ್ತಿದೆ. ತಳದ ಕ್ಯಾಲೆಂಡರಿನಲ್ಲಿ ಅದೇ ವಾರ, ಸೋಮವಾರದಿಂದ ಶುರುವಾಗಿ ಒಂಬತ್ತು ಚೌಕಗಳಲ್ಲಿ ಅಡ್ಡಗೀಟು. ಹತ್ತನೆಯದರಲ್ಲಿ ಒಂದು ಸೊನ್ನೆ. ಏನೂ ಬರೆದಿರಲಿಲ್ಲ, ಬರೀ ಗುರುತು. ನಾನು ಕೂಗಿ ಹೇಳಿದೆ. ನಿಧಿ ಸಿಕ್ಕಷ್ಟು ಹೆಮ್ಮೆ ನನಗೆ.

“ಆಗ್ಲೂ ಮಲಗಿದ್ಲು ನೋಡು. ಒಂಬತ್ತು ದಿನ. ಹತ್ತಕ್ಕೆ ಎದ್ದಿದಾಳೆ” ಎಂದರು ಅಪ್ಪ. ಜ್ವರ ಮಂಗಳವಾರ ಬಂದದ್ದಲ್ವಾ ಎಂದರೆ, “ಸೋಮವಾರಾನೇ ಮೈ ಬಿಸಿ ಇತ್ತು, ಹೇಳಿಲ್ಲ ಅಷ್ಟೆ” ಎಂದರು.

ಆ ರಾತ್ರಿ ಒದ್ದೆಬಟ್ಟೆ ಬದಲಾಯಿಸುವಾಗ ನಾನೇ ಅಮ್ಮನನ್ನು ಕೇಳಿದೆ. ಅವಳು ಕಣ್ಣು ಮುಚ್ಚಿಕೊಂಡೇ, “ಇರಬೇಕು ಕಣೇ, ನೆನಪಿಲ್ಲ. ನಿಮ್ಮಪ್ಪನ್ನ ಕೇಳು” ಎಂದಳು.

ಅಪ್ಪ ಕಲ್ಲೆದೆಯವರಲ್ಲ. ಕೆಲಸಕ್ಕೆ ರಜೆ ಹಾಕಿದರು, ಗಂಜಿ ಕುಡಿಸಿದರು, ಪಾದ ತಿಕ್ಕಿದರು. ಆಸ್ಪತ್ರೆಗೆ ಮಾತ್ರ ಕರೆದೊಯ್ಯಲಿಲ್ಲ. ಎದುರುಮನೆಯ ಶಾರದಾ ಆಂಟಿ ದಿನಾ ಬಂದು ಹೇಳುತ್ತಿದ್ದರು. “ಇನ್ನ ನಾಲ್ಕೇ ದಿನ ಶಾರದಮ್ಮ, ಇಳಿಯತ್ತೆ” ಎನ್ನುತ್ತಿದ್ದರು ಅಪ್ಪ. ನಾನು ಪ್ರತಿ ಸಂಜೆ ಉಳಿದ ಗೀಟು ಎಣಿಸಿ ಹೇಳುತ್ತಿದ್ದೆ. ಏಳನೇ ದಿನ ಅಮ್ಮ ನನ್ನನ್ನೇ ನೋಡಿ “ಯಾರಮ್ಮ ನೀನು?” ಎಂದಳು. ಶಾರದಾ ಆಂಟಿ ಅಪ್ಪನನ್ನು ಬಾಯಿಗೆ ಬಂದಂತೆ ಬೈದು, ಆಟೋ ತರಿಸಿ ಅಮ್ಮನನ್ನು ಹಾಕಿಕೊಂಡು ಹೋದರು.

ಆಸ್ಪತ್ರೆಗೆ ಮಾಗಡಿಯಿಂದ ಚಿಕ್ಕಮ್ಮ ಬಂದಳು. ಅಪ್ಪ ಕಾರಿಡಾರಿನಲ್ಲಿ ಕೂತು, ಇದೆಲ್ಲ ಮೊದಲೂ ಬಂದಿತ್ತು, ಒಂಬತ್ತು ದಿನವಷ್ಟೇ ಎಂದು ಅವಳಿಗೂ ಹೇಳಿದರು. ಚಿಕ್ಕಮ್ಮ ಮುಖ ಗಂಟಿಕ್ಕಿದಳು.

“ಯಾವ ಜ್ವರ ಭಾವ? ಮದುವೆಯಾದ ವರ್ಷ ಏಪ್ರಿಲ್‌ನಲ್ಲಿ ಅಕ್ಕ ನಮ್ಮನೇಲಿದ್ಲಲ್ಲ. ಒಂಬತ್ತು ದಿನ ಇದ್ಲು. ನೀವೇ ಬಂದು ಬಿಟ್ಟು ಹೋಗಿರ್ಲಿಲ್ವಾ? ‘ಅವರು ಹೋಟ್ಲಲ್ಲಿ ಕಾಫಿ ಕುಡೀತಾರೆ, ಹಾಲು ಬೇಡ ಅಂತ ಕ್ಯಾಲೆಂಡರಲ್ಲಿ ಗೀಟು ಹಾಕಿ, ವಾಪಸ್ ಹೋಗೋ ದಿನಕ್ಕೆ ಸೊನ್ನೆ ಹಾಕಿ ಬಂದಿದೀನಿ’ ಅಂದಿದ್ಲು.”

ಅಪ್ಪ ಗೋಡೆ ನೋಡುತ್ತ ಕೂತರು. ಆ ಗೀಟುಗಳನ್ನು ಹುಡುಕಿಕೊಟ್ಟವಳು ನಾನು. ನನ್ನನ್ನು ಯಾರೂ ಬೈಯಲಿಲ್ಲ, ಅದೇ ದೊಡ್ಡ ಶಿಕ್ಷೆಯಾಗಿತ್ತು.

ಅಮ್ಮ ಬದುಕಿದಳು. ಜ್ವರ ತಲೆಗೇರಿ ಎರಡೂ ಕಿವಿ ಹೋದವು. ಇನ್ನಷ್ಟು ಬೇಗ ಕರೆತರಬೇಕಿತ್ತು ಎಂದರು ಡಾಕ್ಟರು.

ಮನೆಗೆ ಬಂದ ಮೇಲೆ ಅಪ್ಪ ಮೊಳೆಯಿಂದ ಕ್ಯಾಲೆಂಡರುಗಳನ್ನೆಲ್ಲ ಇಳಿಸಿದರು. ಜೂನಿನಲ್ಲಿ ಹಾಳೆ ಹರಿದು ನನ್ನ ಪುಸ್ತಕಗಳಿಗೆ ಬೈಂಡು ಹಾಕಿಕೊಟ್ಟರು, ತಾರೀಕಿನ ಮಗ್ಗುಲು ಒಳಗೆ ಹೋಗುವಂತೆ. ಗೇರಿನ ಮಾತು, ಸುತ್ತಿನ ಮಾತು ಮತ್ತೆಂದೂ ಎತ್ತಲಿಲ್ಲ. ಮಧ್ಯಾಹ್ನ ಊಟಕ್ಕೆ ಬಂದರೆ ತಟ್ಟೆ ಹಾಕಿರುತ್ತಿರಲಿಲ್ಲ. ಅಮ್ಮ ಅವರನ್ನು ಕಂಡು ಬೆಚ್ಚಿ, ಗಡಬಡಿಸಿ ಎದ್ದು ತಪ್ಪು ಮಾಡಿದವಳಂತೆ ತಟ್ಟೆ ಹುಡುಕುತ್ತಿದ್ದಳು. ಅಪ್ಪನಿಗೆ ಅದನ್ನು ನೋಡಲಾಗುತ್ತಿರಲಿಲ್ಲ. ಮಷೀನು ನಿಲ್ಲಿಸುವ ಮೊದಲೇ, ತಾವು ಬರುವ ಸುಳಿವು ಕೊಡಲು ಶೆಡ್ಡಿನ ಹುಡುಗನನ್ನು ನಮ್ಮ ಮನೆಗೆ ಕಳಿಸತೊಡಗಿದರು.

ಅಪ್ಪ ಹೋಗಿ ನಾಲ್ಕು ವರ್ಷವಾಯಿತು. ಆ ಶೆಡ್ಡುಗಳ ಜಾಗದಲ್ಲಿ ಈಗ ಪಿ.ಜಿ.ಗಳು ಎದ್ದಿವೆ. ಅಮ್ಮ ಹೇರೋಹಳ್ಳಿಯಲ್ಲಿ ನನ್ನ ಜೊತೆಗಿದ್ದಾಳೆ. ಆ ಬೇಸಿಗೆಯ ಕ್ಯಾಲೆಂಡರು ಆಮೇಲೆ ಎರಡು ಸಲ ಬಂದು ಹೋಗಿ, ಈ ವರ್ಷ ಮೂರನೇ ಸಲ ಬಂದಿದೆ. ತಾರೀಕು, ವಾರ ಒಂದೂ ತಪ್ಪಿಲ್ಲ. ಲೆಕ್ಕದಲ್ಲಿ ಅಪ್ಪ ಸರಿಯಾಗಿಯೇ ಇದ್ದರು.

ಏಪ್ರಿಲಿನ ಅದೇ ಮಂಗಳವಾರ ಅಮ್ಮ ಅಡುಗೆಮನೆಯಲ್ಲಿ ಬೆನ್ನು ಮಾಡಿ ಕೂತು ಮಾವಿನಕಾಯಿ ಹೆಚ್ಚುತ್ತಿದ್ದಳು. ಹುಳಿ ವಾಸನೆ ಮನೆಯೆಲ್ಲ ತುಂಬಿತ್ತು. ನಾನು ಬಾಗಿಲಲ್ಲಿ ನಿಂತು “ಅಮ್ಮಾ” ಎಂದೆ. ಇನ್ನೊಂದು ಸಲ, ಜೋರಾಗಿ ಕರೆದೆ. ಅವಳು ಹೋಳು ಬಟ್ಟಲಿಗೆ ಹಾಕಿ, ಮುಂದಿನ ಕಾಯಿ ಎತ್ತಿಕೊಂಡಳು.